ಬೈಂಡಿಂಗಿಗೆ ಹೋದ ಪುಸ್ತಕ

ಇವತ್ತು ಅವಳು ಬಂದರೆ ಪುಸ್ತಕವನ್ನು ಕೈಗೆ ಕೊಟ್ಟೇಬಿಡುವುದೆಂದು ರಮೇಶ್‌ಬಾಬು ಹಲ್ಲುಜ್ಜುವಾಗಲೇ ತೀರ್ಮಾನ ಮಾಡಿಬಿಟ್ಟಿದ್ದ. ತೀರ್ಮಾನ ಮಾಡುವುದರಲ್ಲಿ ಅವನು ಯಾವತ್ತೂ ಹಿಂದೆ ಬಿದ್ದವನಲ್ಲ. ಬೆಳಿಗ್ಗೆ ಬಚ್ಚಲಿನಲ್ಲಿ, ಕನ್ನಡಿಯ ಮುಂದೆ, ಸೌಜನ್ಯ ಬಡಿಸಿದ ಉಪ್ಪಿಟ್ಟಿನ ತಟ್ಟೆಯ ಎದುರಿಗೆ ಅವನು ಮಾಡಿದಷ್ಟು ಒಳ್ಳೆಯ ತೀರ್ಮಾನಗಳನ್ನು ಇಡೀ ಶಿಡ್ಲಘಟ್ಟದಲ್ಲಿ ಬೇರೆ ಯಾರೂ ಮಾಡಿರಲಿಕ್ಕಿಲ್ಲ. ಕಷ್ಟವಿದ್ದದ್ದು ಆಮೇಲೆ. "ಯಾಕ್ರೀ, ಉಪ್ಪು ಹೆಚ್ಚಾಯ್ತಾ? ಮುಖ ಹಂಗ್ ಮಾಡ್ಕೊಂಡಿದೀರ?" ಎಂದು ಸೌಜನ್ಯ ಕೇಳಿದಳು. ಇಲ್ಲ, ಸರಿಯಾಗಿದೆ ಎಂದ. ಹೆಂಡತಿಗೆ ಹೇಳಬೇಕೆಂದು ಎರಡು ಸಲ ಬಾಯಿಯವರೆಗೆ ಬಂದಿತ್ತು. ಹೇಳಿದರೆ ಅವಳು ಏನು ಅನ್ನುತ್ತಾಳೆಂಬುದೂ ಗೊತ್ತಿತ್ತು. ಈಗ ಇರುವ ಬಾಡಿಗೆ ಮನೆ ಬಿಟ್ಟು ಸ್ವಂತದ್ದೊಂದು ಕಟ್ಟಿಸಲು ನಿಮ್ಮಪ್ಪ ಒಪ್ಪಿರುವುದು ಊರಿನ ಹೊಲದ ಹಿಪ್ಪುನೇರಳೆ ಸೊಪ್ಪನ್ನು ನಂಬಿಕೊಂಡೇ ಅಲ್ಲವೇ ಎನ್ನುತ್ತಾಳೆ, ಅದೂ ಜಗಳದ ದನಿಯಲ್ಲಲ್ಲ, ನಿಜವಾಗಿ ಗೊತ್ತಿಲ್ಲದವಳ ಹಾಗೆ ಕೇಳುತ್ತಾಳೆ. ಕೈ ತೊಳೆದು, ಊಟದ ಡಬ್ಬಿಯನ್ನು ಚೀಲಕ್ಕೆ ಹಾಕಿಕೊಂಡು ಹೊರಟ.

ಗ್ರಂಥಾಲಯವಿದ್ದದ್ದು ಹಳೆಯ ಛತ್ರವೊಂದರ ಮಹಡಿಯ ಮೇಲೆ. ಚಿಕ್ಕಬಳ್ಳಾಪುರ ಜಿಲ್ಲೆಯಾಗಿ ಇನ್ನೂ ವರ್ಷ ತುಂಬಿರಲಿಲ್ಲ, ಪುಸ್ತಕಗಳ ಮೇಲೆ ಹೊಡೆಯುವ ಸೀಲಿನಲ್ಲಿ ಕೋಲಾರ ಜಿಲ್ಲೆ ಎಂದೇ ಇತ್ತು. ಹೊಸ ಸೀಲು ಬೇಕೆಂದು ಅವನು ಮೂರು ಸಲ ಬರೆದಿದ್ದ. ಕಿಟಕಿಗಳನ್ನು ತೆಗೆದು, ಪತ್ರಿಕೆಗಳನ್ನು ಮೇಜಿನ ಮೇಲೆ ಹರಡಿ, ಪರಾಮರ್ಶನ ವಿಭಾಗವೆಂದು ಬೋರ್ಡು ಹಾಕಿದ್ದ ಮೂಲೆಗೆ ಬಂದು ನಿಂತ. ವಿಭಾಗವೆಂದರೆ ಎರಡು ಕಬ್ಬಿಣದ ಬೀರು, ಒಂದು ಮೇಜು, ಎರಡು ಕುರ್ಚಿ. ಬೀರುವಿನ ಬೀಗದಕೈ ಅವನ ಜೇಬಿನಲ್ಲಿರುತ್ತಿತ್ತು. ತೆಗೆದ. ಎರಡನೆಯ ಅರೆಯಲ್ಲಿ, ನೀಲಿ ಕ್ಯಾಲಿಕೋ ಹೊದಿಕೆಯ ದಪ್ಪ ಪುಸ್ತಕ, ಭೂಮಿಗೆ ಸಂಬಂಧಿಸಿದ ಕಾನೂನುಗಳೆಲ್ಲ ಒಂದೇ ಕಡೆ. ಹೊರಗೆ ತೆಗೆದು ಮೇಜಿನ ಮೇಲೆ ಇಟ್ಟ. ಯಾರಾದರೂ ನೋಡಿಯಾರೆಂದು ಮೇಲೆ ಹಾಜರಿ ಪುಸ್ತಕ ಮುಚ್ಚಿದ. ನೋಡಿದರೆ ಏನಂತೆ, ಇದು ಗ್ರಂಥಾಲಯ, ಪುಸ್ತಕ ಮೇಜಿನ ಮೇಲೆ ಇರಬಾರದೇ ಎಂದು ತನ್ನನ್ನೇ ಬೈದುಕೊಂಡು ಹಾಜರಿ ಪುಸ್ತಕ ತೆಗೆದ. ಸ್ವಲ್ಪ ಹೊತ್ತಿಗೆ ನೀಲಿ ಪುಸ್ತಕವನ್ನು ಡ್ರಾಯರಿನಲ್ಲಿಟ್ಟ. ಆಮೇಲೆ ಮತ್ತೆ ಮೇಜಿನ ಮೇಲೆ. ಹತ್ತೂವರೆಗೆ ನಿವೃತ್ತ ಮೇಷ್ಟ್ರು ಮೆಟ್ಟಿಲು ಹತ್ತಿ ಬರುವಷ್ಟರಲ್ಲಿ ಆ ಪುಸ್ತಕ ಮೂರು ಸಲ ಜಾಗ ಬದಲಾಯಿಸಿತ್ತು.

ಹೋದ ಶುಕ್ರವಾರ ಮಧ್ಯಾಹ್ನ ಒಂದು ಗಂಟೆಯ ಮೇಲೆ ಅವಳು ಮೊದಲ ಸಲ ಬಂದದ್ದು. ಬಾಗಿಲಲ್ಲಿ ಚಪ್ಪಲಿ ಬಿಟ್ಟು ಒಳಗೆ ಬಂದಳು, ಇಲ್ಲಿ ಯಾರೂ ಚಪ್ಪಲಿ ಬಿಡುತ್ತಿರಲಿಲ್ಲ. ರೇಷ್ಮೆ ಗೂಡಿನಿಂದ ನೂಲು ಬಿಚ್ಚುವ ಘಟಕದಿಂದ ಊಟದ ಬಿಡುವಿನಲ್ಲಿ ನೇರ ಬಂದಿದ್ದಳೆಂದು ಕಾಣುತ್ತದೆ, ಸೀರೆಯಿಂದ ಬೆಂದ ಹುಳದ ವಾಸನೆ ಬರುತ್ತಿತ್ತು. ಬೆರಳುಗಳು ಬಿಸಿನೀರಿನಲ್ಲಿದ್ದು ಬಿಳಿಚಿಕೊಂಡು, ಚರ್ಮ ಸುಕ್ಕಾಗಿತ್ತು. ಪೇಪರ್ ಓದುತ್ತಿದ್ದ ಮೇಷ್ಟ್ರು ಪೇಪರನ್ನು ಮೂಗಿನವರೆಗೆ ಎತ್ತಿಕೊಂಡರು. ಶಿಡ್ಲಘಟ್ಟದಲ್ಲಿ ಹುಟ್ಟಿ ಬೆಳೆದವರಿಗೆ ಆ ವಾಸನೆ ಹೊಸದೇನಲ್ಲ, ಆದರೆ ಗ್ರಂಥಾಲಯದ ಒಳಗೆ ಹೊಸದು. "ಸಾರ್, ಕಾನೂನಿನ್ ಪುಸ್ತಕ ಐತಂತೆ ಇಲ್ಲಿ," ಎಂದು ಅವಳು ಒಂದು ಚೀಟಿ ಮುಂದೆ ಹಿಡಿದಳು. ಚೀಟಿಯಲ್ಲಿ ಯಾರೋ ಪಿ.ಟಿ.ಸಿ.ಎಲ್. ಎಂದು ಬರೆದುಕೊಟ್ಟಿದ್ದರು. "ನಮ್ಮೋರಿಗೆ ಸರ್ಕಾರ ಕೊಟ್ಟಿದ್ ಜಮೀನು ಬೇರೆಯೋರು ತಗೊಂಡಿದ್ರೆ ವಾಪಸ್ ಬರುತ್ತಂತಲ್ಲ, ಅದು. ನಾನು ಏಳ್ನೇ ಕ್ಲಾಸು ಓದಿದೀನಿ ಸಾರ್, ಕನ್ನಡ ಆದ್ರೆ ಓದ್ತೀನಿ."

ರಮೇಶ್‌ಬಾಬುವಿಗೆ ಆಗ ಸಂತೋಷವೇ ಆಗಿತ್ತು, ಅದನ್ನು ಅವನು ಮರೆತಿಲ್ಲ. ಪರಾಮರ್ಶನ ವಿಭಾಗಕ್ಕೆ ಬರುವವರೆಂದರೆ ವಕೀಲರ ಗುಮಾಸ್ತರು, ಮೇಷ್ಟ್ರುಗಳು, ಕೆ.ಎ.ಎಸ್. ಕಟ್ಟುವ ಹುಡುಗರು. ಲೈಬ್ರರಿ ಸೈನ್ಸ್ ಓದುವಾಗ ಪರಾಮರ್ಶನ ಸೇವೆಯ ಪತ್ರಿಕೆಯಲ್ಲಿ ಅವನಿಗೆ ಎಪ್ಪತ್ತೆಂಟು ಬಂದಿತ್ತು. ಕೇಳುವವನು ಯಾರು, ಏಕೆ ಕೇಳುತ್ತಿದ್ದಾನೆ ಎಂಬುದು ಉತ್ತರ ಕೊಡುವವನಿಗೆ ಮುಖ್ಯವಾಗಬಾರದೆಂದು ಒಂದೂವರೆ ಪುಟ ಬರೆದಿದ್ದ. ಕೈ ಆಗಲೇ ಜೇಬಿಗೆ ಹೋಗಿ ಬೀಗದಕೈ ಹಿಡಿದಿತ್ತು. ಸುಮ್ಮನೆ, ಮಾತಿಗೆಂಬಂತೆ, "ಯಾವೂರಮ್ಮ?" ಎಂದು ಕೇಳಿದ. "ಜಂಗಮಕೋಟೆ ಹತ್ರ ಸಾರ್. ಕಾಲೋನಿ ನಲ್ಲಪ್ಪನ ಸೊಸೆ. ಮುನಿಲಕ್ಷ್ಮಿ ಅಂತ." ಜೇಬಿನೊಳಗೆ ಕೈ ಹಾಗೇ ನಿಂತಿತು. "ಆ ಪುಸ್ತಕ ಬೈಂಡಿಂಗಿಗೆ ಹೋಗಿದೆಯಮ್ಮ," ಎಂದ. ಯೋಚಿಸಿ ಹೇಳಿದ್ದಲ್ಲ. ಯೋಚಿಸಿದ್ದರೆ ಇನ್ನೂ ಒಳ್ಳೆಯ ಸುಳ್ಳು ಸಿಗುತ್ತಿತ್ತೇನೋ.

ಬೈಂಡಿಂಗಿಗೆ ಹೋಗಿದೆ ಎಂಬುದು ಆ ಗ್ರಂಥಾಲಯದ ಹಳೆಯ ಮಾತು. ಅವನಿಗಿಂತ ಮುಂಚೆ ಇದ್ದವರು ಕೆಲಸದ ಜೊತೆಗೇ ಅದನ್ನೂ ವಹಿಸಿಕೊಟ್ಟು ನಿವೃತ್ತರಾಗಿದ್ದರು. ಹಾಳೆ ಹರಿಯುವ ಹುಡುಗರಿಗೆ, ಎಂಜಲು ಹಚ್ಚಿ ಪುಟ ತಿರುಗಿಸುವವರಿಗೆ, ಕೊಟ್ಟರೆ ಹಿಂದಕ್ಕೆ ಬರುತ್ತದೋ ಇಲ್ಲವೋ ಎಂದು ಅನುಮಾನ ಬರುವಂಥ ಬಟ್ಟೆ ಹಾಕಿಕೊಂಡು ಬಂದವರಿಗೆ ಬೇಕಾದ ಪುಸ್ತಕವೆಲ್ಲ ಬೈಂಡಿಂಗಿಗೆ ಹೋಗಿರುತ್ತಿತ್ತು. ನಿಜವಾಗಿ ಬೈಂಡಿಂಗಿಗೆ ಪುಸ್ತಕ ಹೋಗಿ ನಾಲ್ಕು ವರ್ಷವಾಗಿತ್ತು. ಚಿಂತಾಮಣಿಯಲ್ಲಿ ಬೈಂಡು ಮಾಡುತ್ತಿದ್ದ ಮುದುಕರಿಗೆ ಕಣ್ಣು ಕಾಣದಾದ ಮೇಲೆ ಬೇರೆಯವರನ್ನು ಹುಡುಕುವ ಗೋಜಿಗೆ ಯಾರೂ ಹೋಗಿರಲಿಲ್ಲ. ಇಷ್ಟು ವರ್ಷ ಅವನು ಈ ಮಾತನ್ನು ಎಷ್ಟು ಜನಕ್ಕೆ ಹೇಳಿದ್ದಾನೆ? ಲೆಕ್ಕ ಇಟ್ಟಿರಲಿಲ್ಲ. ಹೇಳಿದವರ ಮುಖಗಳನ್ನು ನೆನಪು ಮಾಡಿಕೊಳ್ಳಲು ನೋಡಿದರೆ ಒಂದೂ ನೆನಪಾಗಲಿಲ್ಲ, ಅದೇ ಅವನಿಗೆ ಹೆಚ್ಚು ನೋವು ಕೊಟ್ಟಿತು.

ಮುನಿಲಕ್ಷ್ಮಿ ಅವತ್ತು ಹೊರಡಲಿಲ್ಲ. ನಿಂತೇ ವಿವರ ಹೇಳಿದಳು. "ನಮ್ ಮಾವಂಗೆ ದರಖಾಸ್ತಲ್ಲಿ ಬಂದಿದ್ ಎರಡೆಕರೆ ಸಾರ್. ಎಪ್ಪತ್ನಾಲ್ಕರಾಗೆ ಬರಕೊಟ್ಬಿಟ್ರಂತೆ. ಈ ಕಾನೂನು ಬಂದಿದ್ದು ಎಪ್ಪತ್ತೊಂಬತ್ತರಾಗಂತೆ. ಮುಂಚೆ ಮಾರಿರೋದಕ್ಕೆ ಇದು ಬರಲ್ಲ, ಸುಮ್ನೆ ರಾಜಿ ಮಾಡ್ಕೊ ಅಂತ ಲಾಯರ್ರು ಹೇಳ್ತಾರೆ. ಬರೋ ಶುಕ್ರವಾರ ಸಾಯಂಕಾಲ ಸೈನು ಹಾಕು ಅಂತಾವ್ರೆ. ನಮ್ ಮೈದ್ನ ತಿರುಮಲೇಶ ಆಗ್ಲೇ ಹಾಕ್ಬಿಟ್ಟ. ನನ್ ಗಂಡ ಇಲ್ಲ, ಅವನ ಪಾಲಿಗೆ ನಾನೇ ಹಾಕ್ಬೇಕು. ಪುಸ್ತಕದಾಗೂ ಹಂಗೇ ಇದ್ರೆ ಹಾಕ್ಬಿಡ್ತೀನಿ ಸಾರ್, ನಂಗೇನು ಹಟ ಇಲ್ಲ. ಇಲ್ದಿದ್ರೆ ಹಾಕಲ್ಲ. ಅಷ್ಟೇ ನೋಡ್ಬೇಕು ನಾನು." ಜಮೀನು ಯಾರ ಹತ್ತಿರವಿದೆಯೆಂದು ಅವಳು ಹೇಳಲಿಲ್ಲ. ಅವನು ಕೇಳಲಿಲ್ಲ. ಅವನಿಗೆ ಕೇಳಬೇಕಾಗಿರಲಿಲ್ಲ, ಅವನ ಮನೆಯಲ್ಲಿ ಈಗಲೂ ಅದಕ್ಕೆ ನಲ್ಲಪ್ಪನ ಹೊಲ ಎಂದೇ ಹೆಸರು. ಮೂವತ್ತನಾಲ್ಕು ವರ್ಷದಿಂದ ಪಹಣಿಯಲ್ಲಿ ಅಪ್ಪ ವೆಂಕಟರಾಮಪ್ಪನ ಹೆಸರಿದ್ದರೂ, ಬೋರು ಹಾಕಿಸಿ ಹಿಪ್ಪುನೇರಳೆ ಎಬ್ಬಿಸಿದ್ದು ಅಪ್ಪನೇ ಆದರೂ, ಅಮ್ಮ ಚಿಕ್ಕವೆಂಕಟಮ್ಮ ಬೆಳಿಗ್ಗೆ ಎದ್ದ ತಕ್ಷಣ ಆಳಿಗೆ ಹೇಳುತ್ತಿದ್ದದ್ದು ನಲ್ಲಪ್ಪನ ಹೊಲದಿಂದ ಸೊಪ್ಪು ಕೊಯ್ದು ತಾ ಎಂದೇ. ಚಿಕ್ಕಂದಿನಲ್ಲಿ ಅವನು ನಲ್ಲಪ್ಪ ಎಂದರೆ ಅದೊಂದು ಬಗೆಯ ಮಣ್ಣಿನ ಹೆಸರಿರಬೇಕೆಂದುಕೊಂಡಿದ್ದ. ಆ ಹೆಸರಿನ ಒಬ್ಬ ಮನುಷ್ಯ ದಿನಾ ಹೊಲದ ಬದುವಿನ ಮೇಲೆ ದನ ಹೊಡೆದುಕೊಂಡು ಹೋಗುತ್ತಾನೆಂದು ಗೊತ್ತಾದದ್ದು ಹೈಸ್ಕೂಲಿಗೆ ಬಂದ ಮೇಲೆ. ಆ ಸೊಪ್ಪಿನಿಂದ ಹುಳ ಬೆಳೆದು, ಗೂಡಾಗಿ, ಅವನ ಕಾಲೇಜಿನ ಫೀಜಾಗಿ, ಎಪ್ಪತ್ತೆಂಟು ಅಂಕವಾಗಿ ಈ ಮೇಜಿನವರೆಗೆ ಬಂದಿತ್ತು. ಮುದುಕ ನಲ್ಲಪ್ಪ ಸತ್ತು ಆರು ವರ್ಷ. ಜಮೀನು ಏತಕ್ಕಾಗಿ ಬರೆದುಕೊಟ್ಟನೆಂದು ಎರಡೂ ಮನೆಯಲ್ಲಿ ಈಗ ಯಾರಿಗೂ ನೆನಪಿಲ್ಲ.

ಅವಳು ಹೋದ ಮೇಲೆ ಬೀರು ತೆಗೆದು ಓದಿದ್ದ. ನಾಲ್ಕನೆಯ ಕಲಮು. ಕಾಯಿದೆ ಜಾರಿಗೆ ಬರುವುದಕ್ಕೆ ಮುಂಚೆಯಾಗಲಿ ಆಮೇಲಾಗಲಿ, ಸರ್ಕಾರ ಕೊಟ್ಟ ಜಮೀನನ್ನು ಮಾರಬಾರದೆಂಬ ಷರತ್ತು ಮುರಿದು ಮಾಡಿದ ವರ್ಗಾವಣೆ ನಿಲ್ಲುವುದಿಲ್ಲ ಎಂದು ಇತ್ತು. ಮುಂಚೆಯಾಗಲಿ. ಎರಡು ಸಲ ಓದಿದ, ಬೆರಳಿಟ್ಟು ಮೂರನೆಯ ಸಲ ಓದಿದ. ವಕೀಲರು ಹೇಳಿದ್ದು ಸುಳ್ಳು. ವಕೀಲರಿಗೆ ಗೊತ್ತಿಲ್ಲದೆ ಇರುತ್ತದೆಯೇ? ಅಪ್ಪನಿಗೆ? ಅಪ್ಪನಿಗೆ ಗೊತ್ತಿರುವುದರಿಂದಲೇ ಅಲ್ಲವೇ ಈಗ ಈ ರಾಜಿ? ಮೇಷ್ಟ್ರು ಪೇಪರಿನ ಹಿಂದಿನಿಂದ, "ಏನಪ್ಪಾ ರಮೇಶಬಾಬು, ನೀನೇ ಓದಕ್ಕೆ ಶುರು ಹಚ್ಕೊಂಡೆ?" ಎಂದಿದ್ದರು. ಅವನು ಕಳ್ಳನ ಹಾಗೆ ಪುಸ್ತಕ ಮುಚ್ಚಿದ್ದ.

ಆದರೆ ಬುಧವಾರದ್ದನ್ನು ನೆನೆಸಿಕೊಂಡರೆ ಈಗಲೂ ಅವನ ಕಿವಿ ಬಿಸಿಯಾಗುತ್ತದೆ. ಮೇಷ್ಟ್ರಿಗೆ ಪಕ್ಕದ ಮನೆಯವರ ಜೊತೆ ಗೋಡೆಯ ವಿಷಯಕ್ಕೆ ತಕರಾರಿತ್ತು, ಆ ಕಾನೂನಿನ ಪುಸ್ತಕ ಕೊಡಪ್ಪ ಎಂದರು. ಕೊಡದೆ ಇರುವುದು ಹೇಗೆ? ಕಿಟಕಿಯ ಪಕ್ಕಕ್ಕೆ ಕುರ್ಚಿ ಎಳೆದು, ಧೂಳು ಒರೆಸಿ ಕೊಟ್ಟ. ಒಂದು ಗಂಟೆಗೆ ಮುನಿಲಕ್ಷ್ಮಿ ಬಂದಳು. "ಬಂತಾ ಸಾರ್, ಬೈಂಡಿಂಗಿಂದ?" ಅವನು ಇಲ್ಲವೆಂದು ಹೇಳುತ್ತಿರುವಾಗಲೇ ಅವಳ ಕಣ್ಣು ಮೇಷ್ಟ್ರ ಮೊಣಕೈ ಕೆಳಗಿದ್ದ ನೀಲಿ ಪುಸ್ತಕದ ಮೇಲೆ ಹೋಗಿ, ಅದರ ಬೆನ್ನಿನ ಮೇಲಿದ್ದ ಅಕ್ಷರಗಳನ್ನು ಒಂದೊಂದಾಗಿ ಕೂಡಿಸಿಕೊಂಡು ಓದಿದ್ದನ್ನು ಅವನು ನೋಡಿದ. ಏಳನೆಯ ಕ್ಲಾಸಿನ ಓದು, ಸ್ವಲ್ಪ ಹೊತ್ತು ಹಿಡಿಯಿತು. ಓದಿ ಮುಗಿಸಿ ಅವನ ಮುಖ ನೋಡಿದಳು. ಬೈದಿದ್ದರೆ ಎಷ್ಟೋ ವಾಸಿಯಿತ್ತು. "ಆಯ್ತು ಸಾರ್. ಮತ್ತೆ ಬರ್ತೀನಿ," ಎಂದು ಚಪ್ಪಲಿ ಮೆಟ್ಟಿಕೊಂಡು ಇಳಿದು ಹೋದಳು. ಮೇಷ್ಟ್ರು ತಲೆ ಎತ್ತದೆ, "ಇಂಥೋರೆಲ್ಲ ಬರಕ್ ಶುರು ಮಾಡಿದ್ರೆ ಊದಿನ್ಕಡ್ಡಿ ಹಚ್ಚಬೇಕಾಗುತ್ತೆ ಕಣಯ್ಯ," ಎಂದರು. ಅವನು ನಕ್ಕಿದ್ದ. ಯಾಕೆ ನಕ್ಕೆನೆಂದು ಎರಡು ದಿನದಿಂದ ಕೇಳಿಕೊಳ್ಳುತ್ತಿದ್ದಾನೆ.

ಒಂದು ಗಂಟೆಯಾಯಿತು. ಇವತ್ತು ಅವನು ಊಟದ ಡಬ್ಬಿ ತೆಗೆಯಲಿಲ್ಲ. ಪುಸ್ತಕ ಮೇಜಿನ ಮೇಲೆಯೇ ಇತ್ತು, ನಾಲ್ಕನೆಯ ಕಲಮಿನ ಹತ್ತಿರ ಕಾಗದದ ಚೂರು ಇಟ್ಟಿದ್ದ. ಎದುರಿಗೆ ಕುರ್ಚಿಯನ್ನೂ ಹಾಕಿದ್ದ. ಕೂತ್ಕೊಳ್ಳಮ್ಮ ಎನ್ನಬೇಕು ಎಂದುಕೊಂಡಿದ್ದ. ಆಮೇಲೆ ಏನೂ ಹೇಳಬಾರದು, ಕ್ಷಮೆ ಗಿಮೆ ಎಂದು ನಾಟಕ ಮಾಡಬಾರದು, ಪುಸ್ತಕ ಕೊಟ್ಟು ಆ ಕಡೆ ಹೋಗಿಬಿಡಬೇಕು. ಒಂದೂ ಕಾಲು. ಮೆಟ್ಟಿಲ ಮೇಲೆ ಸದ್ದಾಯಿತು, ಪೇಪರ್ ಓದುವವರು ಯಾರೋ. ಒಂದೂವರೆ. ಬಿಡುವು ಮುಗಿಯಿತು. ಬರಲಿಲ್ಲವಲ್ಲ ಎಂದು ಸಂಕಟವಾಯಿತು. ಅದರ ಜೊತೆಗೇ ಏನೋ ಹಗುರವೂ ಆಯಿತು. ಬಿಟ್ಟುಬಿಟ್ಟಳು, ತನ್ನ ತಪ್ಪೇನಿದೆ, ತಾನಂತೂ ಪುಸ್ತಕ ಹೊರಗೆ ಇಟ್ಟುಕೊಂಡೇ ಕಾದಿದ್ದೆ. ಆ ಹಗುರವನ್ನು ಕಂಡು ಅವನಿಗೆ ತನ್ನ ಬಗ್ಗೆ ಹೇಸಿಗೆಯಾಯಿತು. ಪುಸ್ತಕವನ್ನು ಚೀಲಕ್ಕೆ ಹಾಕಿಕೊಂಡು, ಮೇಷ್ಟ್ರಿಗೆ ಸ್ವಲ್ಪ ನೋಡ್ಕೊಳ್ಳಿ ಎಂದು ಹೇಳಿ ಇಳಿದ.

ಘಟಕದ ಬಾಗಿಲಲ್ಲಿ ಆವಿ ತುಂಬಿಕೊಂಡಿತ್ತು. ಸಾಲಾಗಿ ಬಿಸಿನೀರಿನ ತೊಟ್ಟಿಗಳು, ಅವುಗಳ ಮುಂದೆ ಹೆಂಗಸರು. ಒಳಗೆ ಹೋಗಬೇಕೋ ಬೇಡವೋ ಗೊತ್ತಾಗದೆ ನಿಂತವನನ್ನು ನೋಡಿ ರಾಮಲಕ್ಷ್ಮಮ್ಮ ಎಂಬ ಹೆಂಗಸು ಸೆರಗಿನಲ್ಲಿ ಕೈ ಒರೆಸಿಕೊಳ್ಳುತ್ತಾ ಎದ್ದು ಬಂದಳು. "ಮುನಿಲಕ್ಷ್ಮೀನಾ? ಅವಳನ್ನ ಹನ್ನೊಂದಕ್ಕೇ ಕರ್ಕೊಂಡೋದ್ರಲ್ಲಪ್ಪ. ಜೀಪ್ ತಂದಿದ್ರು ಊರಿಂದ. ವೆಂಕಟರಾಮಪ್ಪೋರ ಜೀಪಂತೆ. ಮಧ್ಯಾಹ್ನ ಎಲ್ಲಿಗೋ ಹೋಗ್ಬೇಕು ಅಂತಿದ್ಲು, ಲೈಬ್ರರಿಗೋ ಏನೋ. ಬಿಡ್ಲಿಲ್ಲ ಅವ್ರು. ನೀವ್ಯಾರು?" ಅವನು ಯಾರೂ ಅಲ್ಲ ಎಂದ. ಹಾಗೆಂದವನು ಬಸ್ ಸ್ಟ್ಯಾಂಡಿನ ಕಡೆಗೆ ಹೆಚ್ಚುಕಡಿಮೆ ಓಡಿದ.

ಜಂಗಮಕೋಟೆ ಬಸ್ಸಿನಲ್ಲಿ ನಿಂತುಕೊಂಡೇ ಹೋಗಬೇಕಾಯಿತು. ಚೀಲದೊಳಗೆ ಊಟದ ಡಬ್ಬಿಗೆ ಒತ್ತಿಕೊಂಡು ಪುಸ್ತಕವಿತ್ತು. ಪರಾಮರ್ಶನದ ಪುಸ್ತಕ ಗ್ರಂಥಾಲಯದ ಹೊಸ್ತಿಲು ದಾಟಬಾರದು, ಅದೊಂದು ನಿಯಮವನ್ನು ಅವನು ತಾಸೀಲ್ದಾರರ ಮನೆಯಿಂದ ಜವಾನ ಬಂದಾಗಲೂ ಮುರಿದಿರಲಿಲ್ಲ. ಈಗ ಮುರಿದಿದ್ದ. ಬಸ್ಸು ಕುಲುಕಿದಾಗಲೆಲ್ಲ ಅದು ಸೊಂಟಕ್ಕೆ ಬಡಿಯುತ್ತಿತ್ತು, ಪ್ರತಿ ಬಡಿತಕ್ಕೂ ಅವನ ಎದೆಯಲ್ಲಿ ಧೈರ್ಯವೆಂಬುದು ಏಳುತ್ತಿತ್ತು. ಹೇಳಿಬಿಡುತ್ತೇನೆ. ಅಪ್ಪನ ಮುಂದೆಯೇ ತೆಗೆದು ಓದುತ್ತೇನೆ. ಅಪ್ಪ ಯಾವತ್ತು ಅವನ ಕೆಲಸವನ್ನು ಕೆಲಸವೆಂದು ಒಪ್ಪಿಕೊಂಡಿದ್ದ? ಪೇಪರ್ ಜೋಡಿಸೋದಕ್ಕೂ ಡಿಗ್ರಿ ಬೇಕೇನೋ ಎಂದು ನೆಂಟರ ಎದುರಿಗೆ, ಸೌಜನ್ಯಳನ್ನು ನೋಡಲು ಹೋದ ಮನೆಯಲ್ಲಿ, ಅವಳ ಅಪ್ಪನ ಮುಂದೆಯೇ ನಕ್ಕಿದ್ದ. ಇವನೂ ನಕ್ಕಿದ್ದ. ಮೊದಲನೆಯ ತಿಂಗಳ ಸಂಬಳದಲ್ಲಿ ತಂದುಕೊಟ್ಟ ಶರಟು ಬಟ್ಟೆಯನ್ನು ಅಪ್ಪ ಹೊಲಿಸಲೇ ಇಲ್ಲ. ಇವತ್ತು ಆ ಪೇಪರ್ ಜೋಡಿಸುವವನು ಏನೆಂದು ಗೊತ್ತಾಗಲಿ. ಬಸ್ಸಿನಿಂದ ಇಳಿದು ಅಪ್ಪನ ಮನೆಯ ಕಡೆ ನಡೆಯುವಾಗ ಅವನು ಗಟ್ಟಿಯಾಗಿಯೇ ಎರಡು ಮಾತು ಆಡಿಕೊಂಡನೆಂದು ಕಾಣುತ್ತದೆ, ಎದುರಿಗೆ ಬಂದ ಹೆಂಗಸು ತಿರುಗಿ ನೋಡಿದಳು.

ಜಗಲಿಯ ಮೇಲೆ ಚಾಪೆ ಹಾಸಿತ್ತು. ಅಪ್ಪ ಕಂಬಕ್ಕೆ ಒರಗಿ ಕೂತಿದ್ದ. ಪಕ್ಕದಲ್ಲಿ ಪತ್ರ ಬರೆಯುವ ವೆಂಕಟೇಶ್, ಮೊಣಕಾಲ ಮೇಲೆ ಛಾಪಾ ಕಾಗದಗಳು. ಅಂಗಳದಲ್ಲಿ ತಿರುಮಲೇಶ ಕೈ ಕಟ್ಟಿಕೊಂಡು ನಿಂತಿದ್ದ. ಮುನಿಲಕ್ಷ್ಮಿ ಜಗಲಿಯ ಕೆಳಗಿನ ಕಲ್ಲಿನ ಮೇಲೆ ಕೂತಿದ್ದಳು. ಅವನನ್ನು ಕಂಡು ಅವಳು ಬೆಚ್ಚಲಿಲ್ಲ, ಇವನು ಇಲ್ಲಿಗೇಕೆ ಬಂದನೆಂದು ಆಶ್ಚರ್ಯವನ್ನೂ ಪಡಲಿಲ್ಲ. ಯಾರ ಮಗನೆಂದು ಅವಳಿಗೆ ಮೊದಲ ದಿನದಿಂದಲೂ ಗೊತ್ತಿತ್ತು. ಗೊತ್ತಿದ್ದೇ ಮೆಟ್ಟಿಲು ಹತ್ತಿ ಬಂದಿದ್ದಳು, ಗೊತ್ತಿದ್ದೇ ಕೇಳಿದ್ದಳು. ಅವನ ಕಾಲು ಅಂಗಳದ ನಡುವೆ ನಿಂತುಬಿಟ್ಟಿತು.

"ಏಂ ರಾ ಬಾಬು, ಒಳ್ಳೇ ಟೈಮಿಗೆ ಬಂದೆ ನೋಡು!" ಎಂದು ಅಪ್ಪ ನಿಜವಾಗಿಯೂ ಸಂತೋಷಪಟ್ಟ. "ಬಾ, ಮೇಲೆ ಬಾ. ಈ ಯಮ್ಮ ಬೆಳಿಗ್ಗಿಂದ ಒಂದೇ ಹಟ ಹಿಡ್ದವ್ಳೆ, ಪುಸ್ತಕ ನೋಡ್ದೆ ಸೈನು ಹಾಕಲ್ಲ ಅಂತ. ನನ್ ಮಗನೇ ಲೈಬ್ರರಿಲವ್ನೆ ಕಣಮ್ಮ, ಅಲ್ಲಿರೋ ಪುಸ್ತಕ ಎಲ್ಲಾ ಓದ್ಕೊಂಡವ್ನೆ, ಕಾನೂನು ಅಂದ್ರೆ ಅವನ್ನ ಕೇಳ್ಬೇಕು ಅಂತ ಆಗಿಂದ ಹೇಳ್ತಾ ಇದೀನಿ. ವೆಂಕಟೇಶಾ, ಕೊಡೋ ಅವನ ಕೈಗೆ. ಅವನೇ ಓದಿ ಹೇಳ್ಲಿ." ಹೇಳುತ್ತಾ, ಮೇಲೆ ಬಂದು ಪಕ್ಕದಲ್ಲಿ ಕೂತ ಅವನ ಹೆಗಲ ಮೇಲೆ ಕೈಯಿಟ್ಟ. ಅಪ್ಪ ಅವನನ್ನು ಮುಟ್ಟಿ ಎಷ್ಟು ವರ್ಷವಾಗಿತ್ತೋ. ಆ ಕೈ ಭಾರವಾಗಿ, ಬೆಚ್ಚಗೆ ಅಲ್ಲೇ ಇತ್ತು. ಇಷ್ಟಕ್ಕಾಗಿ ತಾನು ಕಾದಿದ್ದೆನೆಂದು ರಮೇಶ್‌ಬಾಬುವಿಗೆ ಆ ಕ್ಷಣದವರೆಗೂ ಗೊತ್ತಿರಲಿಲ್ಲ. ಚೀಲ ಇನ್ನೊಂದು ಹೆಗಲಿಗೆ ನೇತಾಡುತ್ತಿತ್ತು. ಕೆಳಗೆ ಇಡುವುದಕ್ಕೂ ಆಗಲಿಲ್ಲ.

ಓದಿದ. ಅವನ ದನಿ ಚೆನ್ನಾಗಿತ್ತು, ತಪ್ಪಿಲ್ಲದೆ ಓದುತ್ತಿದ್ದ. ನಮ್ಮ ಮಾವನವರಾದ ನಲ್ಲಪ್ಪನವರು ಸ್ವಸಂತೋಷದಿಂದ, ಯಾರ ಒತ್ತಾಯವೂ ಇಲ್ಲದೆ. ನಾವುಗಳು ಇನ್ನು ಮುಂದೆ ಯಾವುದೇ ಕಚೇರಿಯಲ್ಲಿ ಯಾವುದೇ ಅರ್ಜಿ. ಅಮ್ಮ ಒಳಗಿನಿಂದ ಬಂದು ಬಾಗಿಲಲ್ಲಿ ನಿಂತು ಮಗ ಓದುವುದನ್ನು ಕೇಳುತ್ತಿದ್ದಳು. ಸದರಿ ಕಾಯಿದೆಯು ಜಾರಿಗೆ ಬರುವ ಮುಂಚಿನ ವ್ಯವಹಾರವಾದ್ದರಿಂದ ನಮಗೆ ಅನ್ವಯಿಸುವುದಿಲ್ಲವೆಂದು ನಮಗೆ ಮನವರಿಕೆಯಾಗಿ. ಅಲ್ಲಿ ಅವನ ನಾಲಗೆ ತಡೆಯಿತು. ಕೆಮ್ಮಿದ. ಮತ್ತೆ ಅದೇ ಸಾಲನ್ನು ಮೊದಲಿನಿಂದ ಓದಿ ಮುಂದೆ ಹೋಗಲು ನೋಡಿದ.

"ಅದು ನಿಜಾನಾ ಸಾರ್?" ಎಂದಳು ಮುನಿಲಕ್ಷ್ಮಿ. "ಪುಸ್ತಕದಾಗೂ ಹಂಗೇ ಐತಾ?"

"ಇಲ್ದೆ ಬರೀತಾರೇನಮ್ಮ?" ಎಂದ ವೆಂಕಟೇಶ್.

"ನಾನು ಲೈಬ್ರರಿ ಸಾರನ್ನ ಕೇಳಿದ್ದು."

ಎಲ್ಲರೂ ಅವನ ಕಡೆ ನೋಡಿದರು. ಹೆಗಲ ಮೇಲಿನ ಕೈ ಗಟ್ಟಿಯಾಗಲೂ ಇಲ್ಲ, ಸಡಿಲವಾಗಲೂ ಇಲ್ಲ, ಅಪ್ಪನಿಗೆ ಅವನ ಮೇಲೆ ಅಷ್ಟು ಭರವಸೆಯಿತ್ತು. ಇಲ್ಲಮ್ಮ, ಹಾಗಿಲ್ಲ, ಮುಂಚೆಯಾಗಲಿ ಎಂದೇ ಬರೆದಿದೆ, ಬೇಕಾದರೆ ನೋಡು, ಇಲ್ಲೇ ಇದೆ. ಇಷ್ಟೇ ಮಾತು. ಬಸ್ಸಿನಲ್ಲಿ ಹತ್ತು ಸಲ ಆಡಿದ್ದು. ಬಾಯಿ ತೆರೆದ. ಬಾಯಿಂದ ಬಂದದ್ದು ಅವನು ಹತ್ತು ವರ್ಷದಿಂದ ದಿನವೂ ಆಡುತ್ತಾ ಬಂದಿದ್ದ ಮಾತು. "ಪುಸ್ತಕ ಬೈಂಡಿಂಗಿಂದ ಇನ್ನೂ ಬಂದಿಲ್ಲಮ್ಮ."

ಅವಳು ಹೊರಗೆ ನಿಂತಿದ್ದ ಜೀಪನ್ನು ನೋಡಿದಳು, ಸೈನು ಹಾಕದೆ ಅದು ಹಿಂದಕ್ಕೆ ಹೊರಡುವುದಿಲ್ಲವೆಂದು ಗೊತ್ತಿದ್ದವಳ ಹಾಗೆ. ತಿರುಮಲೇಶ, "ಹಾಕತ್ಲಾಗೆ ಅತ್ತಿಗೆ, ಹೊತ್ತಾಯ್ತು," ಎಂದು ಗೊಣಗಿದ. ಅವಳು ಎದ್ದು ಬಂದು ಕಾಗದಗಳನ್ನು ಜಗಲಿಯ ಅಂಚಿನ ಮೇಲೆ ಇಟ್ಟುಕೊಂಡಳು. ವೆಂಕಟೇಶ್ ಇಂಕಿನ ಪ್ಯಾಡ್ ಮುಂದೆ ತಳ್ಳಿದ. "ಬೇಡ, ಬರೆಯಕ್ ಬರುತ್ತೆ," ಎಂದು ಪೆನ್ನು ಕೇಳಿ ತೆಗೆದುಕೊಂಡು ಮೂರು ಕಡೆ ತನ್ನ ಹೆಸರು ಬರೆದಳು. ಕೊನೆಯ ಕಾಗದ ಬಂದಾಗ ವೆಂಕಟೇಶ್ ಸಾಕ್ಷಿಗೆ ಯಾರನ್ನು ಕರೆಯುವುದೆಂದು ಅಪ್ಪನ ಮುಖ ನೋಡಿದ. "ಸಾರ್ ಹಾಕ್ಲಿ," ಎಂದಳು ಮುನಿಲಕ್ಷ್ಮಿ. ಮನೆಯವರೇ ಹಾಕಿದರೆ ಚೆನ್ನಾಗಿರೋಲ್ಲ ಎಂದು ವೆಂಕಟೇಶ್ ಹೇಳಿ ನೋಡಿದ. "ಅವರೇ ಹಾಕ್ಲಿ. ಓದಿ ಹೇಳಿದ್ದು ಅವರೇ ಅಲ್ವಾ," ಎಂದು ಅವಳು ಪೆನ್ನನ್ನು ಅವನ ಕೈಗೇ ಕೊಟ್ಟಳು. ಪೆನ್ನು ಬೆಚ್ಚಗಿತ್ತು. ಅವನು ಸಹಿ ಹಾಕಿ, ಅಭ್ಯಾಸ ಬಲದಿಂದ ಕೆಳಗೆ ಗ್ರಂಥಾಲಯ ಸಹಾಯಕ ಎಂದೂ ಬರೆದ. ಅಪ್ಪ ಅದನ್ನು ಎತ್ತಿ ಹಿಡಿದು ನೋಡಿ ತಲೆದೂಗಿದ. ಅಮ್ಮ, ಉಂಡುಕೊಂಡು ಹೋಗು ಎಂದಳು. ಅವನು ಉಂಡ.

ಶನಿವಾರ ಮಧ್ಯಾಹ್ನ ಒಂದು ಗಂಟೆಗೆ ಅವಳು ಗ್ರಂಥಾಲಯಕ್ಕೆ ಬಂದಳು. ಬರುತ್ತಾಳೆಂದು ಅವನು ಎಣಿಸಿರಲಿಲ್ಲ. ಚಪ್ಪಲಿ ಬಿಡದೆ ನೇರ ಪರಾಮರ್ಶನ ವಿಭಾಗಕ್ಕೆ ನಡೆದು ಬಂದು, ಎದುರಿನ ಕುರ್ಚಿ ಎಳೆದುಕೊಂಡು ಕೂತಳು. ಮೇಷ್ಟ್ರು ಪೇಪರ್ ಎತ್ತಿಕೊಂಡರು. "ಈಗ ತೋರ್ಸಿ ಸಾರ್," ಎಂದಳು. ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಇದ್ದಿದ್ದರೆ ಅವನಿಗೆ ಹಿಡಿದುಕೊಳ್ಳಲು ಏನಾದರೂ ಸಿಗುತ್ತಿತ್ತು. "ಈಗಂತೂ ನಿಮ್ಗೇನು ನಷ್ಟ ಇಲ್ವಲ್ಲ."

ಅವನು ಬೀರು ತೆಗೆದು ಪುಸ್ತಕವನ್ನು ಅವಳ ಮುಂದೆ ಇಟ್ಟ. ಕಾಗದದ ಚೂರು ಅಲ್ಲೇ ಇತ್ತು, ಪುಟ ತಾನಾಗಿ ತೆರೆದುಕೊಂಡಿತು. ಅವಳು ಬಿಳಿಚಿದ ಬೆರಳನ್ನು ಸೆರಗಿಗೆ ಚೆನ್ನಾಗಿ ಒರೆಸಿಕೊಂಡು, ಸಾಲಿನ ಕೆಳಗೆ ಇಟ್ಟು, ಶಾಲೆಯ ಮಕ್ಕಳ ಹಾಗೆ ಗಟ್ಟಿಯಾಗಿ ಓದತೊಡಗಿದಳು. ಕಾನೂನಿನ ವಾಕ್ಯ, ಉದ್ದಕ್ಕೆ ಹೋಗುತ್ತಿತ್ತು. ನಡುನಡುವೆ ನಿಂತು ಹಿಂದಕ್ಕೆ ಹೋಗಿ ಮತ್ತೆ ಬರುತ್ತಿದ್ದಳು. ಮುಂಚೆಯಾಗಲಿ ಎಂಬಲ್ಲಿ ಬೆರಳು ನಿಂತಿತು. ಆ ಮಾತನ್ನು ಇನ್ನೊಂದು ಸಲ ಓದಿದಳು. ಆಮೇಲೆ ಕೊನೆಯವರೆಗೂ ಹೋಗಿ, "ಅನೂರ್ಜಿತ ಅಂದ್ರೆ?" ಎಂದು ಕೇಳಿದಳು.

"ನಡೆಯೋಲ್ಲ ಅಂತ."

"ಯಾವ್ದು ನಡೆಯಲ್ಲ?"

"ಮಾರಿದ್ದು," ಎಂದ. "ನಿಮ್ಮ ಮಾವನವರು ಮಾರಿದ್ದು."

ಅವಳು ಹೌದೆನ್ನುವಂತೆ ತಲೆಯಾಡಿಸಿದಳು. ಗೋಡೆಯ ಗಡಿಯಾರ ನೋಡಿದಳು, ಒಂದು ಇಪ್ಪತ್ತೈದು. "ಹಂಗಾದ್ರೆ ನೆನ್ನೆ ನಾನು ಹಾಕಿದ್ ಸೈನು?"

ಅದಕ್ಕೂ ಉತ್ತರ ಅದೇ ಪುಟದಲ್ಲಿತ್ತು, ಅವಳ ಬೆರಳಿನಿಂದ ಎರಡು ಸಾಲು ಕೆಳಗೆ. ಸರ್ಕಾರದ ಅನುಮತಿಯಿಲ್ಲದೆ ಇಂಥ ಜಮೀನಿನ ಮೇಲೆ ಇನ್ನು ಮುಂದೆ ಯಾವ ಕಾಗದ ಮಾಡಿಕೊಂಡರೂ ನಿಲ್ಲುವುದಿಲ್ಲವೆಂದು. ನಿನ್ನೆಯ ಕಾಗದವೂ ನಿಲ್ಲುವುದಿಲ್ಲ, ಅದರ ಕೆಳಗಿನ ಅವನ ಸಹಿಯೂ. ಚಿಕ್ಕಬಳ್ಳಾಪುರದ ಅಸಿಸ್ಟೆಂಟ್ ಕಮಿಷನರ್ ಕಚೇರಿಗೆ ಒಂದು ಅರ್ಜಿ ಬರೆದರೆ ಸಾಕು. ಬೆರಳನ್ನು ಒಂದಿಂಚು ಕೆಳಗೆ ಸರಿಸಿ ತೋರಿಸಿದರೆ ಮುಗಿಯಿತು. ಒಂದು ಕಾಸೂ ಖರ್ಚಿರಲಿಲ್ಲ, ಯಾರೂ ನೋಡುತ್ತಿರಲಿಲ್ಲ, ಮೇಷ್ಟ್ರು ಕೂಡ ಪೇಪರಿನ ಹಿಂದೆ ಇದ್ದರು. ಹೆಗಲ ಮೇಲೆ ಯಾರ ಕೈಯೂ ಇರಲಿಲ್ಲ.

"ಅದನ್ನ ಲಾಯರನ್ನ ಕೇಳ್ಬೇಕಮ್ಮ," ಎಂದ ರಮೇಶ್‌ಬಾಬು.

ಅವಳು ಅವನನ್ನು ನೋಡಿದಳು. ಪುಟವನ್ನು ನೋಡಿದಳು, ಕೆಳಗೆ ಇನ್ನೂ ಎಷ್ಟು ಇದೆಯೆಂದು ಅಳೆಯುವವಳ ಹಾಗೆ. ಬಿಡುವು ಮುಗಿಯುತ್ತಾ ಬಂದಿತ್ತು. ಕುರ್ಚಿ ಹಿಂದಕ್ಕೆ ಸರಿಸಿ ಎದ್ದಳು. "ನಾಳೆ ಭಾನುವಾರ ಸಾರ್, ಕೆಲಸ ಇರಲ್ಲ. ಬೆಳಿಗ್ಗೇನೇ ಬಂದು ಕೂತ್ಕೊಂಡು ಪೂರ್ತಿ ಓದ್ತೀನಿ. ಪುಸ್ತಕ ಇರುತ್ತಲ್ಲ?"

"ಇರುತ್ತಮ್ಮ," ಎಂದ.

ಅವಳು ನಂಬಲಿಲ್ಲವೆಂಬುದು ಅವಳು ಮೆಟ್ಟಿಲು ಇಳಿದ ರೀತಿಯಿಂದಲೇ ಅವನಿಗೆ ತಿಳಿಯಿತು. ತೆರೆದ ಪುಸ್ತಕದ ಮುಂದೆ ಬೀಗದಕೈ ಹಿಡಿದುಕೊಂಡು ಕೂತವನಿಗೆ, ನಾಳೆ ಬೆಳಿಗ್ಗೆ ತಾನು ಏನು ಹೇಳುತ್ತೇನೆಂದು ತನಗೇ ಗೊತ್ತಿರಲಿಲ್ಲ.